ತುಟಿಗೆ ಕೂರದ ಮಾತು

ಹಗರೆಯ ಭೀಮರಾಜ್ ಈಗ ಹೆಸರಾದ ಛಾಯಾಗ್ರಾಹಕ. ತೊಂಬತ್ತೇಳರಲ್ಲಿ ಬೇಲೂರಿನ ಮದುವೆಗಳ ವಿಡಿಯೋ ತೆಗೆಯುತ್ತಿದ್ದ. ಮದುಮಕ್ಕಳನ್ನು ಬಿಟ್ಟು ಬಾಗಿಲಲ್ಲಿ ನಿಂತ ಅಜ್ಜಿಯರನ್ನೇ ತೆಗೆದು ಬೈಸಿಕೊಳ್ಳುತ್ತಿದ್ದ. ಆ ವರ್ಷವೇ, ಕೀಲಿ ಕೊಟ್ಟು ಓಡಿಸುವ ಹಳೇ ಫಿಲ್ಮ್ ಕ್ಯಾಮೆರಾ ಹಿಡಿದು ತನ್ನದೇ ಸಿನಿಮಾ ಶುರುಮಾಡಿದ. ಅದು ಹೊಲಿಗೆ ಮಿಷನ್ನಿನಂತೆ ಕಟಕಟ ಎನ್ನುತ್ತಿದ್ದರಿಂದ ಚಿತ್ರ ಮೊದಲು, ಮಾತು ಆಮೇಲೆ.

ನಾಯಕನ ಪಾತ್ರ ಹಳೇಬೀಡಿನ ನಿವೃತ್ತ ಪೋಸ್ಟ್‌ಮನ್ ಹೊನ್ನಯ್ಯನವರದು. ಕೊನೆಯ ದೃಶ್ಯದಲ್ಲಿ ಕೆರೆ ಏರಿ ಮೇಲೆ ನಿಂತು ಹೆಂಡತಿಗೆ ‘ನನ್ನನ್ನು ಕ್ಷಮಿಸು’ ಎನ್ನಬೇಕು. ಒಂದೇ ಸಲಕ್ಕೆ ಮುಗಿಯಿತು. ಆದರೆ ಮಾತು ಸೇರಿಸುವ ಮೊದಲೇ ಹೊನ್ನಯ್ಯ ತೀರಿಕೊಂಡರು.

ಅವರ ದನಿ ಬರುತ್ತಿದ್ದದ್ದು ನನಗೊಬ್ಬನಿಗೇ. ಕಾಲೇಜಿನ ದಿನಗಳಲ್ಲಿ ಬಸ್‌ಸ್ಟ್ಯಾಂಡಿನ ಹೋಟೆಲಿನಲ್ಲಿ ಅವರಂತೆಯೇ ಕೆಮ್ಮಿ, ‘ಕಾಫಿ ಬಿಸಿ ಇರ್ಲಪ್ಪ, ಮಾತು ತಣ್ಣಗಿರ್ಲಿ’ ಎಂದು ನಗಿಸುತ್ತಿದ್ದೆ. ಒಮ್ಮೆ ಸಿಕ್ಕಿಬಿದ್ದೆ. ಅವರ ಕೈಲಿದ್ದದ್ದರ ಹೆಸರು ಕೊಡೆ, ಕೊಟ್ಟದ್ದು ಎರಡೇಟು.

ನಾನು ಆ ದನಿ ಕೊಡುವುದಕ್ಕೆ ಅವರ ಹೆಂಡತಿ ದ್ಯಾವಮ್ಮನ ಒಪ್ಪಿಗೆ ಕೇಳಲು ಭೀಮರಾಜನೂ ನಾನೂ ಹೋದೆವು.

“ಅವ್ರನ್ನ ಆಡ್ಕಂತಿದ್ದೋನು ನೀನೇ ಅಲ್ವೇನೋ?”

“ಹೌದಮ್ಮ.”

“ನಾನೂ ಬತ್ತೀನಿ. ಅವ್ರ ದನಿ ಅಲ್ಲ ಅನ್ನುಸ್ತೋ, ಸಿನಿಮಾದಾಗೆ ಅವ್ರೂ ಬ್ಯಾಡ.”

ಅರಸೀಕೆರೆಯ ಕ್ಯಾಸೆಟ್ ಅಂಗಡಿಯ ಮಹಡಿಯಲ್ಲಿ ರೆಕಾರ್ಡಿಂಗ್. ಒಂದು ರೈಲಿಗೂ ಇನ್ನೊಂದಕ್ಕೂ ನಡುವೆ ಸಿಕ್ಕಷ್ಟು ಮೌನವೇ ನಮ್ಮ ಪಾಲು. ಬೇರೆ ದೃಶ್ಯಗಳೆಲ್ಲ ಮುಗಿದವು. ಕಿಟಕಿ ಪಕ್ಕ ಸ್ಟೂಲಿನ ಮೇಲೆ ದ್ಯಾವಮ್ಮ ಸೆರಗು ಬಾಯಿಗಿಟ್ಟು ಕೂತಿದ್ದರು; ಬೇಡವೆನ್ನಲಿಲ್ಲ. ಕೊನೆಯ ಮಾತು ಮಾತ್ರ ತುಟಿಗೆ ಕೂರಲಿಲ್ಲ. ಟೀವಿಯಲ್ಲಿ ಹೊನ್ನಯ್ಯ ಬಾಯಿ ಮುಚ್ಚಿದಾಗ ನನ್ನದು ತೆರೆದಿರುತ್ತಿತ್ತು.

“ಇಪ್ಪತ್ತು ಸಲ ಆಯ್ತು ಕಣೋ,” ಭೀಮರಾಜ್ ತಲೆ ಹಿಡಿದುಕೊಂಡ. “ಈ ಶಾಟ್ ಇಲ್ದಿದ್ರೆ ಸಿನಿಮಾನೇ ಇಲ್ಲ.”

ದ್ಯಾವಮ್ಮ ಸೆರಗು ಸರಿಸಿ ಭೀಮರಾಜನತ್ತ ತಿರುಗಿದರು. “ಅವ್ರೆಲ್ಲಪ್ಪ ಕ್ಷಮಿಸು ಅಂದ್ರು? ಐವತ್ ವರ್ಸದಾಗೆ ಒಂದ್ ದಪನೂ ಅಂದಿಲ್ಲ. ಅವತ್ತು ಕೆರೆ ಏರಿ ಮ್ಯಾಲೆ ‘ಏನಾರ ಮಾತಾಡಿ, ಆಮೇಲ್ ಹಾಕ್ಕಂತೀವಿ’ ಅಂದಿದ್ದೆ ನೀನು. ನಾನು ನಿನ್ ಹಿಂದ್ಗಡೆನೇ ನಿಂತಿದ್ದೆ. ಆ ಮಿಷನ್ ಸದ್ನಾಗೂ ಕೇಳುಸ್ತು. ‘ಬಿಸ್ಲಾಗ್ ಯಾಕ್ ನಿಂತೀಯ, ನೆಳ್ಳಿಗ್ ಹೋಗು’ ಅಂದ್ರು, ನಂಗೆ.”

ಭೀಮರಾಜ್ ವಾರಗಟ್ಟಲೆ ತಿದ್ದಿ ಬರೆದಿದ್ದ ತನ್ನ ಸಾಲನ್ನು ಹೊಡೆದುಹಾಕಿದ.

ರೈಲು ದಾಟಿಹೋಗುವವರೆಗೆ ಕಾದು, ಒಮ್ಮೆ ಕೆಮ್ಮಿ, ದ್ಯಾವಮ್ಮ ಹೇಳಿದ್ದನ್ನೇ ಹೊನ್ನಯ್ಯನವರ ದನಿಯಲ್ಲಿ ಅಂದೆ. ಮಾತು ತುಟಿಗೆ ಕೂತಿತು. ಅದೇ ಗಳಿಗೆಯಲ್ಲಿ ದ್ಯಾವಮ್ಮ ಎದ್ದು, ಕಿಟಕಿಯ ಬಿಸಿಲಿನಿಂದ ಸ್ಟೂಲನ್ನು ಗೋಡೆಯ ನೆರಳಿಗೆ ಎಳೆದುಕೊಂಡರು.

ಆ ಸದ್ದೂ ಟೇಪಿಗೆ ಬಿತ್ತು. ಸಿನಿಮಾ ಮುಗಿಯುವಾಗ ಈಗಲೂ ಕರ್ರನೆ ಕೇಳುತ್ತದೆ. ಭೀಮರಾಜ್ ಅದನ್ನು ತೆಗೆಯಲಿಲ್ಲ.