ಫೆಲಿಸ್ಮಿನಾ ಕೇಳಿದ ಪ್ರಶ್ನೆ

ಆಡುತ್ತಿದ್ದ ವಾಕ್ಯ ಮುಗಿಯುವವರೆಗೆ ಹೆಜ್ಜೆ ಮುಂದಿಡದ ಮನುಷ್ಯ ವಲಾದಸ್. ಸೆತೂಬಲ್ ಬಂದರಿನ ಇಳಿಜಾರಿನಲ್ಲಿ, ತಕ್ಕ ಶಬ್ದಕ್ಕಾಗಿ ತಡಕಾಡುತ್ತ ಅವರು ನಿಂತುಬಿಟ್ಟರೆ ಹಿಂದಿನ ಮೀನುಗಾಡಿಗಳೂ ನಿಲ್ಲಬೇಕಾಗುತ್ತಿತ್ತು. ಸುಡುವ ಜುಲೈನಲ್ಲೂ ಮೈಮೇಲೆ ಕಂದು ಉಣ್ಣೆಯ ಕೋಟು. ಅದರ ಒಳಜೇಬಿನಲ್ಲಿ, ಪೊಲೀಸರ ಕೈಗೆ ಸಿಕ್ಕರೆ ಸೆರೆಮನೆಯೇ ಗತಿಯೆನ್ನುವಂಥ ದಿನಚರಿ. ಪೋರ್ಚುಗಲ್ಲಿನ ನೌಕಾಯಾನಗಳನ್ನು ಹೊಗಳಿ ಬರೆದು ಹೆಸರಾಗಿದ್ದ ಈ ನಿವೃತ್ತ ಉಪಾಧ್ಯಾಯರು, ಆಫ್ರಿಕದ ವಸಾಹತುಗಳಲ್ಲಿ ತಮ್ಮ ದೇಶ ಹನ್ನೊಂದು ವರ್ಷಗಳಿಂದ ನಡೆಸುತ್ತಿದ್ದ ಯುದ್ಧ ಸೋಲಿನತ್ತ ಜಾರುತ್ತಿರುವುದನ್ನು ಅದರಲ್ಲಿ ಗುಟ್ಟಾಗಿ ಬರೆದಿಡುತ್ತಿದ್ದರು.

ಮೀನು ಮಾರುವ ಫೆಲಿಸ್ಮಿನಾಗೆ ಓದು ಬಾರದು. ಆ ವಸಾಹತುಗಳಲ್ಲೊಂದಾದ ಗಿನಿಯಲ್ಲಿ ಸೈನಿಕನಾಗಿದ್ದ ಮಗ ಅದೆಲಿನೊನ ಕಾಗದಗಳನ್ನು ಅವಳು ವಲಾದಸರಿಂದಲೇ ಓದಿಸಿಕೊಳ್ಳುತ್ತಿದ್ದಳು. ಒಂದು ಮಧ್ಯಾಹ್ನ, ಊರಿಗೆ ಮರಳಿದ ಗಾಯಾಳುವೊಬ್ಬ ಅಂಗಿಯೊಳಗೆ ಬಚ್ಚಿಟ್ಟು ತಂದಿದ್ದ ಮಗನ ಕಾಗದವೊಂದನ್ನು ಅವರ ಕೈಗಿಟ್ಟಳು. ಕಣ್ಣಾಡಿಸಿದ ವಲಾದಸ್, "ಮಗ ಕ್ಷೇಮ, ಸಾರು ರುಚಿಯಾಗಿದೆಯಂತೆ" ಎಂದು ಮಡಚಿದರು.

"ನಾಕು ಹಾಳೆ ತುಂಬಾ ಸಾರೇ ಬರ್ದಿದಾನಾ ಮೇಷ್ಟ್ರೇ? ಓದಕ್ಕೆ ಬರಲ್ಲ ಅಷ್ಟೆ, ಕಣ್ಣು ಕಾಣುತ್ತೆ ನಂಗೆ!"

ಅವರು ಓದಿದರು. ತಂತಿಬೇಲಿಯಾಚೆ ಗೇಣು ನೆಲವೂ ತಮ್ಮದಲ್ಲವೆಂದು ಬರೆದಿದ್ದ ಹುಡುಗ, ಒಂದು ಹಳ್ಳಿಗೆ ತಾನೂ ಬೆಂಕಿಯಿಟ್ಟೆನೆಂದು ಬರೆದಿದ್ದ.

ಫೆಲಿಸ್ಮಿನಾ ಬಹಳ ಹೊತ್ತು ಕೈ ಒರೆಸಿಕೊಳ್ಳುತ್ತಲೇ ಇದ್ದಳು. "ಆ ಊರಲ್ಲಿ ತಾಯಂದಿರು ಇದ್ರಂತಾ?"

"ಅಂದರೆ... ಬರೆದಿಲ್ಲ, ಫೆಲಿಸ್ಮಿನಮ್ಮ."

"ಕೋಟಲ್ಲಿ ಇಟ್ಕೊಂಡು ನೀವು ಬರೀತೀರಲ್ಲ, ಅದ್ರಲ್ಲಿದೆಯಾ ಅವರ ಸುದ್ದಿ?"

ವಲಾದಸರ ಕೈ ಒಳಜೇಬಿಗೆ ಹೋಯಿತು. "ನಿಮಗೆ ಹೇಗೆ..."

"ಇಡೀ ಬೀದಿಗೇ ಗೊತ್ತು. ಯಾರೂ ಬಾಯಿ ಬಿಟ್ಟಿಲ್ಲ, ಅಷ್ಟೆ."

ವಲಾದಸ್ ಮನೆಗೆ ಹೋಗಿ ದಿನಚರಿಯ ಐನೂರು ಪುಟಗಳನ್ನೂ ತಿರುವಿಹಾಕಿದರು. ಸಾಮ್ರಾಜ್ಯದ ಮಾನ, ಹಡಗುಗಳ ವೈಭವ, ತಮ್ಮದೇ ವ್ಯಥೆ, ಎಲ್ಲವೂ ಇದ್ದವು. ಅಂಥ ತಾಯಿ ಒಬ್ಬಳೂ ಇರಲಿಲ್ಲ. ನಾಚಿಕೆಯಾಯಿತು, ಅದರ ಬೆನ್ನಿಗೇ, ತಮ್ಮನ್ನು ಕಾಯ್ದುಕೊಂಡು ಬಂದ ಆ ಬೀದಿಯ ಮೌನದ ಬಗ್ಗೆ ಕಣ್ಣು ತೇವವಾಗುವಂಥ ಕೃತಜ್ಞತೆ.

ಎರಡು ವರ್ಷಗಳಲ್ಲಿ ಸೈನಿಕರೇ ಸರ್ಕಾರವನ್ನು ಉರುಳಿಸಿದರು, ಯುದ್ಧ ನಿಂತಿತು. ಬಡಕಲಾಗಿ ಮರಳಿದ ಅದೆಲಿನೊ ತಿಂಗಳುಗಟ್ಟಲೆ ಮಾತಾಡಲಿಲ್ಲ. ಕೊನೆಗೊಮ್ಮೆ ವಲಾದಸರೆದುರು ಕೂತು ಆ ಹಳ್ಳಿಯ ಹೆಸರು ಹೇಳಿದ, ಬಾವಿಯ ಬಳಿ ನಿಂತಿದ್ದ ಹೆಂಗಸರ ಬಗ್ಗೆಯೂ ಹೇಳಿದ. ವಲಾದಸ್ ದಿನಚರಿಯನ್ನು ಮೊದಲಿನಿಂದ ಮತ್ತೆ ಬರೆದರು; ಅಚ್ಚಾದ ಆ ಪುಸ್ತಕ ಆ ಹಳ್ಳಿಯಿಂದಲೇ ಆರಂಭವಾಗುತ್ತದೆ. ಮೊದಲ ಪ್ರತಿಯನ್ನು ವಲಾದಸ್ ಮೀನಂಗಡಿಯಲ್ಲಿ ನಿಂತೇ ಓದಿದರು. ಕೇಳಿ ಮುಗಿಸಿದ ಫೆಲಿಸ್ಮಿನಾ ಕಣ್ಣೊರೆಸಿಕೊಂಡು, "ಗಂಟ್ಲು ಒಣಗಿರುತ್ತೆ, ಕೂತ್ಕೊಳ್ಳಿ ಮೇಷ್ಟ್ರೇ" ಎಂದಳು.

ತಮ್ಮ ನಾಡಿನ ಸೋಲಿಗೆ ಮರುಗುವ ಲೇಖಕರು ಎಲ್ಲ ಕಾಲದಲ್ಲೂ ಇರುತ್ತಾರೆ. ಆ ಮರುಕದೊಳಗೂ ಸ್ವಾರ್ಥವಿತ್ತೆಂದು ತೋರಿಸಿಕೊಟ್ಟವರಿಗೆ ತಲೆಬಾಗಿ, ಮೊದಲ ಪುಟದಿಂದ ಮತ್ತೆ ಬರೆಯಲು ಕೂರುವವರು ವಿರಳ. ಅಂಥವರು ಅಕ್ಷರ ಕಲಿಸಿದವರಿಗಿಂತ, ಅಕ್ಷರ ಬಾರದೆಯೂ ತಮ್ಮನ್ನು ತಿದ್ದಿದವರಿಗೆ ಹೆಚ್ಚು ಋಣಿಗಳಾಗಿ ಬಾಳುತ್ತಾರೆ.