ಕಲ್ಲುಬುಟ್ಟಿಯ ಜಗಲಿ

ಗಂಡ ತೀರಿಕೊಂಡು ಇಪ್ಪತ್ತೆರಡು ದಿನವಾಗಿತ್ತು. ಲಾರಿಯವನು ಬಂದು, ಪೆಟ್ಟಿಗೆಯಂಥ, ಮಡಿಚಿದ ಹನ್ನೆರಡು ತಂತಿಬುಟ್ಟಿಗಳನ್ನೂ ಒಂದು ಲೋಡು ಕಲ್ಲನ್ನೂ ಹಿತ್ತಲಲ್ಲಿ ಇಳಿಸಿ ಹೋದ. ಆರ್ಡರು ಕೊಟ್ಟವನು ಅವಳ ಗಂಡನೇ. ಮೂರು ಕಡೆ ಕಲ್ಲು ತುಂಬಿದ ಬುಟ್ಟಿಗಳ ಮೋಟುಗೋಡೆ, ಮೇಲೆ ತಗಡಿನ ಮಾಡು, ಒಳಗೆ ಕೂರಲು ಜಗಲಿ ಎಂದು ನಕ್ಷೆ ಬರೆದಿಟ್ಟಿದ್ದ. ಅದರ ವಿಷಯಕ್ಕೇ ಅಪ್ಪನೊಡನೆ ಜಗಳವಾಡಿ ಎರಡು ತಿಂಗಳು ಮಾತು ಬಿಟ್ಟಿದ್ದ. ಒಂದು ಬೆಳಿಗ್ಗೆ ಬಸ್‌ಸ್ಟಾಪಿನಲ್ಲಿ ಎದೆ ಹಿಡಿದುಕೊಂಡು ಕುಸಿದವನು ಮತ್ತೆ ಏಳಲಿಲ್ಲ.

ಮಾವ ನಲವತ್ತು ವರ್ಷ ಗಾರೆ ಕೆಲಸ ಮಾಡಿದವರು. ಹಿತ್ತಲ ಬಾಗಿಲಲ್ಲಿ ನಿಂತು ರಾಶಿಯನ್ನು ನೋಡಿದರು.

"ವಾಪಸ್ ಕಳಿಸಿಬಿಡಮ್ಮ. ಸಿಮೆಂಟಿಲ್ಲ, ಮರಳಿಲ್ಲ, ಕೋಳಿಗೂಡಿಗೆ ಕಲ್ಲು ತುಂಬಿದ್ರೆ ಗೋಡೆ ಆಗುತ್ತಾ? ಅವನಿಗೂ ಇದನ್ನೇ ಹೇಳಿದ್ದೆ."

"ಹೇಳಿದ್ದು ನಂಗೂ ಕೇಳಿಸಿತ್ತು ಮಾವ," ಎಂದಳು ಸೊಸೆ. "ಕಳಿಸಲ್ಲ. ನಾನೇ ಕಟ್ತೀನಿ."

ಅವರು ಒಳಗೆ ಹೋದರು.

ಅವಳು ಬಟ್ಟೆ ಹೊಲಿಯುವವಳು. ನೆಲ ಸಮ ಮಾಡಿ ಜಲ್ಲಿ ಹಾಸಿದಳು. ಮಾಡಿನ ಕಂಬಗಳನ್ನು ವೆಲ್ಡಿಂಗಿನವನು ಬಂದು ನೆಟ್ಟುಹೋದ. ಬುಟ್ಟಿಗಳನ್ನು ಬಿಡಿಸಿ ನಿಲ್ಲಿಸಿ, ಅಂಚಿಗೆ ಅಂಚು ಸೇರಿಸಿ ತಂತಿಯಲ್ಲಿ ಹೊಲಿದಳು. ಆ ಹೊಲಿಗೆ ನೇರವಾಗಿಯೇ ಬಂತು. ಕಲ್ಲು ಮಾತ್ರ ಅವಳ ಮಾತು ಕೇಳಲಿಲ್ಲ. ಮೊದಲ ಬುಟ್ಟಿಗೆ ಬಾಯಿತನಕ ಸುರಿದಿದ್ದಳು. ಎರಡೇ ದಿನಕ್ಕೆ ಅದರ ಮುಖ ಉಬ್ಬಿ ಮುಂದೆ ಬಂತು. ಅದರೆದುರು ಕುಕ್ಕರುಗಾಲಲ್ಲಿ ಕುಳಿತು, ಅಷ್ಟು ದಿನ ತಡೆದಿಟ್ಟಿದ್ದುದನ್ನೆಲ್ಲ ಅತ್ತಳು.

ಮಾವ ಬಂದು ಪಕ್ಕದಲ್ಲಿ ನಿಂತದ್ದು ಅವಳಿಗೆ ಗೊತ್ತಾಗಲಿಲ್ಲ.

"ಎಲ್ಲಾ ತೆಗೀಬೇಕು," ಎಂದರು. "ಒಳಗೆ ಅಡ್ಡ ತಂತಿ ಬಿಗಿದಿಲ್ಲ ನೀನು. ಒಂದಡಿ ತುಂಬಬೇಕು, ಮುಂದಿನಿಂದ ಹಿಂದಕ್ಕೆ ಬಿಗೀಬೇಕು, ಮತ್ತೆ ತುಂಬಬೇಕು. ಚಪ್ಪಟೆ ಮುಖ ಹೊರಗಿರಲಿ."

ಇಬ್ಬರೂ ಕಲ್ಲು ತೆಗೆದರು. ಬುಟ್ಟಿ ಬರಿದಾದಾಗ ಮಾವ ಅವಳ ಮುಖ ನೋಡದೆ ಹೇಳಿದರು.

"ಅವತ್ತು ಬೆಳಿಗ್ಗೆ ಹೊರಡೋವಾಗ ಅವನೇ ಮಾತಾಡಿಸಿದ. 'ಕಲ್ಲು ಬಂದ್ರೆ ಜೋಡಿಸಿ ಕೊಡ್ತೀಯೇನಪ್ಪಾ' ಅಂದ. ನಾನು ಪೇಪರ್ ಓದ್ತಾ ಇದ್ದೆ. ತಲೆ ಎತ್ತಲಿಲ್ಲ."

ಅವಳಿಗೆ ಸಿಟ್ಟು ನೆತ್ತಿಗೇರಿತು. ಕೈಲಿದ್ದ ಕಲ್ಲನ್ನು ಎತ್ತಿ ಹಾಕಿ ಒಳಗೆ ಹೋದಳು. ನಾಲ್ಕು ದಿನ ಊಟ ಬಡಿಸುವಾಗಲೂ ಅವರೊಡನೆ ಮಾತಾಡಲಿಲ್ಲ. ಆ ನಾಲ್ಕು ದಿನವೂ ಹಿತ್ತಲಿನಿಂದ ಕಲ್ಲಿಗೆ ಕಲ್ಲು ತಾಗುವ ಸದ್ದು ಕೇಳುತ್ತಲೇ ಇತ್ತು. ಐದನೆಯ ದಿನ ಹೋಗಿ ನೋಡಿದಳು. ಎರಡು ಬುಟ್ಟಿ ಮುಗಿದಿದ್ದವು, ನೂಲು ಹಿಡಿದಂತೆ ನೇರ. ಮಾವನ ಬೆರಳ ತುದಿಗಳು ಒಡೆದು ರಕ್ತ ಒಸರುತ್ತಿತ್ತು.

"ಕೈಗೆ ಬಟ್ಟೆ ಸುತ್ಕೊಳ್ಳಬಾರದಾ?" ಎಂದು ಗದರಿಸಿ, ಹಳೆಯ ಅರಿವೆ ಹರಿದು ತಂದು ತಾನೇ ಕಟ್ಟಿದಳು. ಆಮೇಲೆ ಅವರ ಎದುರು ಕುಳಿತು ಕಲ್ಲು ಆರಿಸತೊಡಗಿದಳು.

ಐದು ವಾರಕ್ಕೆ ಮಾಡು ಏರಿತು. ಪಕ್ಕದ ಮನೆಯವರು ಬಂದು ಗೋಡೆ ತಟ್ಟಿ ನೋಡಿ, "ಯಾವ ಮೇಸ್ತ್ರಿ ಕೆಲಸ?" ಎಂದರು.

"ನನ್ನ ಸೊಸೇದು," ಎಂದರು ಮಾವ. "ನಾನು ಕೂಲಿ."

ಅವಳು ಹೊಲಿಗೆ ಯಂತ್ರವನ್ನು ಅಲ್ಲಿಗೇ ತಂದಿಟ್ಟುಕೊಂಡಳು. ಮಾವ ಬೆಳಿಗ್ಗೆ ಗೋಡೆಗೊರಗಿ ಕೂರುತ್ತಾರೆ. ಅವನ ಮಾತು ಬಂದಾಗ ಇಬ್ಬರೂ ಈಗ ಎದ್ದುಹೋಗುವುದಿಲ್ಲ.