ದೆವ್ವಕ್ಕೆ ಬೈದ ವಾಚ್‌ಮನ್

ಹನ್ನೊಂದು ಸಿನಿಮಾಗಳಲ್ಲಿ ನಾನು ದೆವ್ವ. ಹನ್ನೊಂದರಲ್ಲೂ ನನ್ನ ಮುಖ ಒಬ್ಬನೂ ನೋಡಿಲ್ಲ. ಸೊಂಟದ ತನಕ ಜೋತುಬೀಳುವ ವಿಗ್ ಹಾಕಿ ನಿಲ್ಲಿಸಿದರೆ ಮುಖ ಯಾರಿಗೆ ಕಾಣಬೇಕು, ನನ್ನ ತಲೆ! ಆ ದೆವ್ವ ನಮ್ಮಪ್ಪನೇ ಎಂದ ಮಗಳ ಮಾತನ್ನು ಶಾಲೆಯಲ್ಲಿ ಗೆಳತಿಯರು ನಂಬಲಿಲ್ಲ, ಸುಳ್ಳಿ ಎಂದು ಗೋಳುಹೊಯ್ದುಕೊಂಡರು. ಕೊನೆಗೆ ಅವಳೇ ಬಂದು ಕೇಳಿದಳು:

"ಅಪ್ಪಾ, ನಿಜ ಹೇಳು. ಅದು ನೀನೇನಾ?"

ಮೈ ಉರಿದುಹೋಯಿತು. ನೇರವಾಗಿ ಡೈರೆಕ್ಟರ್ ಹತ್ತಿರ ಹೋದೆ.

"ಈ ಸಲ ಮುಖ ತೋರಿಸ್ಲಿಲ್ಲ ಅಂದ್ರೆ ನಿಮ್ಮ ದೆವ್ವ ನೀವೇ ಆಗಿ."

ಅವನು ತಲೆ ಕೆರೆದುಕೊಂಡ. "ಆಯ್ತಪ್ಪಾ, ವಾಚ್‌ಮನ್ ಪಾರ್ಟ್ ಮಾಡು. ದೆವ್ವ ಬಾಗಿಲು ಒಡ್ಕೊಂಡು ಬರುತ್ತೆ, ಕತ್ತು ಹಿಸುಕುತ್ತೆ, ನೀನು ಕಿರುಚಿ ಸಾಯ್ತೀಯ. ಮುಖ ಪೂರ್ತಿ ಕಾಣುತ್ತೆ. ಆದ್ರೆ ಒಂದೇ ಟೇಕ್. ನಮ್ಮತ್ರ ಇರೋದು ಒಂದೇ ಬಾಗಿಲು."

ಮಗಳು ಅವತ್ತೇ ಗೆಳತಿಯರಿಗೆಲ್ಲ ಸಾರಿಬಿಟ್ಟಳು.

ದೆವ್ವಕ್ಕೆ ಬೇರೆ ಜನ ಇರಲಿಲ್ಲ. ನನ್ನ ವಿಗ್ಗನ್ನು ಮೇಕಪ್ ಅಕ್ಕನ ತಲೆಗೇ ಹಾಕಿದರು. ಮಟಮಟ ಮಧ್ಯಾಹ್ನ ಕಿಟಕಿಗಳಿಗೆ ಕಂಬಳಿ ಕಟ್ಟಿ ರಾತ್ರಿ ಮಾಡಿದ್ದರು. ಒಳಗೆ ಬೆಂದುಹೋಗುವಂಥ ಸೆಖೆ. "ಆಕ್ಷನ್" ಎಂದ ಕೂಡಲೇ ಪ್ಲೈವುಡ್ ಬಾಗಿಲು ಪಡಪಡ ಒಡೆಯಿತು. ಅಕ್ಕ ನುಗ್ಗಿ ಬಂದು ನನ್ನ ಕತ್ತು ಹಿಡಿದಳು. ಹಿಡಿದಳು ಅಂದರೆ ಹೇಗೆ? ಅಂಗಡಿಯಲ್ಲಿ ಬಟ್ಟೆ ಮುಟ್ಟಿ ನೋಡುವ ಹಾಗೆ!

ನಾನು ಕಿರುಚಬೇಕಿತ್ತು. ಆದರೆ ಹನ್ನೆರಡು ವರ್ಷ ಕಂಡವರ ಕತ್ತು ಹಿಸುಕಿ ಬಂದವನು ನಾನು. ತಡೆಯಲಾಗಲಿಲ್ಲ.

"ಏನಕ್ಕಾ ಇದು? ಊಟ ಮಾಡಿಲ್ವಾ? ಹೆಬ್ಬೆರಳು ಮುಂದಕ್ಕೆ ತಗೋ. ಮೊಣಕೈ ಮೇಲೆತ್ತು. ಹೂಂ, ಈಗ ಹಿಸುಕು, ನೋಡೋಣ!"

ಅಕ್ಕನಿಗೂ ಸಿಟ್ಟು ನೆತ್ತಿಗೇರಿ ನಿಜವಾಗಿಯೇ ಹಿಸುಕಿದಳು. "ಹಾಂ... ಹಿಂಗೆ..." ಎನ್ನುತ್ತಾ ಕುಸಿದುಬಿದ್ದೆ.

ಡೈರೆಕ್ಟರ್ ಕೆಂಡವಾಗಿದ್ದ. "ದೆವ್ವಕ್ಕೆ ಟ್ಯೂಷನ್ ಹೇಳ್ತೀಯೇನೋ? ಇನ್ನೊಂದು ಬಾಗಿಲು ನಿಮ್ಮ ತಾತ ತಂದ್ಕೊಡ್ತಾನಾ? ಸೀನೇ ಕಿತ್ತು ಬಿಸಾಕ್ತೀನಿ!"

ಮಗಳಿಗೆ ಇದನ್ನು ಹೇಳಲು ಬಾಯಿ ಬರಲಿಲ್ಲ. ಬಿಡುಗಡೆಯ ದಿನ ಅವಳು ನಾಲ್ಕು ಗೆಳತಿಯರನ್ನು ಕಟ್ಟಿಕೊಂಡು ಮುಂದಿನ ಸಾಲಿನಲ್ಲಿ ಕೂತಳು. ಹಿಂದೆ ನಾನು, ಮುಳ್ಳಿನ ಮೇಲೆ ಕೂತ ಹಾಗೆ.

ಪರದೆಯ ಮೇಲೆ ಬಾಗಿಲು ಒಡೆಯಿತು. ಬೇರೆ ಗತಿಯಿಲ್ಲದೆ ಡೈರೆಕ್ಟರ್ ಅದನ್ನೇ ಇಟ್ಟಿದ್ದ, ಪುಣ್ಯಾತ್ಮ! ಗೋಡೆಯಷ್ಟಗಲ ನನ್ನ ಮುಖ. "ಅಕ್ಕಾ" ಎಂಬುದೊಂದನ್ನು ಕತ್ತರಿಸಿ ಉಳಿದ ಬೈಗುಳವನ್ನೆಲ್ಲ ಹಾಗೇ ಬಿಟ್ಟಿದ್ದ. ಹೆದರಲು ಬಂದ ಜನ ಬಿದ್ದು ಬಿದ್ದು ನಕ್ಕರು. ಮಗಳ ಮಾನ ಹೋಯಿತು ಎಂದು ನಾನು ತಲೆ ತಗ್ಗಿಸಿದೆ.

"ಅಯ್ಯೋ, ನಿಮ್ಮಪ್ಪನೇ ಕಣೇ!" ಒಬ್ಬಳು ಗೆಳತಿ ಹಿಂದೆ ತಿರುಗಿ ನನ್ನನ್ನೊಮ್ಮೆ ನೋಡಿ ಕೂಗಿದಳು. "ಎಷ್ಟು ಚೆನ್ನಾಗಿ ಆಕ್ಟ್ ಮಾಡ್ತಾರೆ!"

ಮಗಳು ಬೆನ್ನು ನೆಟ್ಟಗೆ ಮಾಡಿ ಕೂತಳು.

"ಆಕ್ಟಿಂಗ್ ಎಲ್ಲಿ ಬಂತು? ಮನೇಲೂ ಹಿಂಗೇ."